ಮೂರನೇ ಮಹಡಿಯಿಂದ ಮೂವತ್ತನಾಲ್ಕು ವರ್ಷ

ಗಂಟಕ್ಕನ ಅಪ್ಪ ಬೀಳಲು ಶುರುಮಾಡಿದಾಗ ಅವಳಿಗೆ ಆರು ವರ್ಷ. ಈಗ ಅವಳಿಗೆ ನಲವತ್ತು. ಅಪ್ಪ ಇನ್ನೂ ನೆಲ ಮುಟ್ಟಿಲ್ಲ.

ಹೊರಗಿನವರಿಗೆ ಇದನ್ನು ಹೇಳಿದರೆ ತಲೆ ನೆಟ್ಟಗಿದೆಯೇ ಎಂದು ಕೇಳುತ್ತಾರೆ. ಆ ಊರಿನಲ್ಲಿ ಮಾತ್ರ ಯಾರೂ ಹುಬ್ಬೇರಿಸುವುದಿಲ್ಲ. ನಿಧಾನ ಎಂದರೇನೆಂದು ಅಲ್ಲಿ ಹಾಲುಗಲ್ಲದ ಮಕ್ಕಳಿಗೂ ಗೊತ್ತು. ಗೋಡೆಗೆ ತೇವ ಬಂದು ಕೂರುವ ಹಾಗೆ ಅಲ್ಲಿ ಎಲ್ಲೆಂದರಲ್ಲಿ ನಿಧಾನ ಬಂದು ಕೂರುತ್ತದೆ. ಅದಕ್ಕೆ ವಾಸನೆಯಿಲ್ಲ, ಸದ್ದಿಲ್ಲ. ಅದರೊಳಗೆ ಹೊತ್ತು ತೆವಳುತ್ತದೆ, ಅಷ್ಟೆ. ಒಲೆಯ ಮೇಲೆ ಕೂತರೆ ಹಾಲು ಉಕ್ಕಲು ಮೂರು ದಿನ ಬೇಕು. ಮಂಚದ ಕೆಳಗೆ ಕೂತರೆ, ಅಲ್ಲಿಗೆ ಉರುಳಿದ ಗೋಲಿ ಆ ಹುಡುಗನಿಗೆ ಮೀಸೆ ಬಂದ ಮೇಲೆ ಆಚೆ ಬರುತ್ತದೆ. ಹೆಚ್ಚಿನವು ಕುಂಬಳಕಾಯಿ ಗಾತ್ರದವು, ಒಂದೆರಡು ತಿಂಗಳು ಇದ್ದು ಹೇಳದೆ ಕೇಳದೆ ಎದ್ದುಹೋಗುತ್ತವೆ. ಊರಿನವರು ಅವುಗಳ ಜೊತೆ ಹೊಂದಿಕೊಂಡು ಬದುಕುತ್ತಾರೆ. ಒಂದೇ ಒಂದು ಎಚ್ಚರ ಬೇಕು: ಮುಟ್ಟಬಾರದು. ನಿಧಾನ ಯಾವುದನ್ನೂ ಅರೆಬರೆ ಹಿಡಿಯುವುದಿಲ್ಲ. ಬೆರಳು ತಾಗಿದರೆ ಇಡೀ ಮನುಷ್ಯನನ್ನೇ ಹಿಡಿಯುತ್ತದೆ. ಹಿಡಿದವನನ್ನು ಇನ್ನೊಬ್ಬ ಮುಟ್ಟಿದರೆ ಅವನನ್ನೂ ಹಿಡಿಯುತ್ತದೆ. ಬಿಡುವಾಗಲೂ ಅಷ್ಟೇ. ಉಗುರಿನ ತುದಿ ಒಳಗಿದ್ದರೂ ಬಿಡುವುದಿಲ್ಲ, ಬಿಟ್ಟರೆ ಒಂದೇ ಸಲ ಇಡಿಯಾಗಿ, ಹಿಡಿದಾಗಿದ್ದ ಬಿರುಸಿನಲ್ಲೇ ಬಿಟ್ಟುಬಿಡುತ್ತದೆ.

ಗಂಟಕ್ಕನ ಅಪ್ಪ ಗೋಡೆಗೆ ಬಣ್ಣ ಬಳಿಯುವವನು. ಅಂದು ಅವನಿಗೆ ಮೂವತ್ತೊಂದು ವರ್ಷ. ದಾರದ ಗಿರಣಿಯ ಬೀದಿಕಡೆಯ ಗೋಡೆಗೆ ನೀಲಿ ಬಳಿಯುತ್ತ, ಮೂರನೇ ಮಹಡಿಯ ಎತ್ತರದಲ್ಲಿ ಎರಡು ಹಗ್ಗಕ್ಕೆ ಕಟ್ಟಿದ ಹಲಗೆಯ ಮೇಲೆ ಕೂತಿದ್ದ. ಮಗಳು ಊಟದ ಡಬ್ಬಿ ಹಿಡಿದು ಬೀದಿ ದಾಟಿ, ಗೋಡೆಯ ಬುಡಕ್ಕೇ ಬಂದು ನಿಂತು, ಕತ್ತೆತ್ತಿ, ಗಂಟಲು ಹರಿಯುವ ಹಾಗೆ "ಅಪ್ಪಾ!" ಎಂದು ಕೂಗಿದಳು. ಅಪ್ಪ ತಿರುಗಿ ನೋಡಿದ. ಹಲಗೆ ವಾಲಿತು. ಅವಳಿಗೆ ನೆನಪಿರುವುದು ಇಷ್ಟೇ, ಇದೇ ಸಾಲಿನಲ್ಲಿ: ಕೂಗಿದ್ದು, ತಿರುಗಿದ್ದು, ವಾಲಿದ್ದು. ಅಷ್ಟರಲ್ಲಿ ಯಾರೋ ಅವಳನ್ನು ಸೊಂಟಕ್ಕೆ ಎತ್ತಿಕೊಂಡು ಆಚೆ ಓಡಿದರು.

ಬೀದಿಗೆ ಬೀದಿಯೇ ಕಣ್ಣು ಮುಚ್ಚಿಕೊಂಡು ಸದ್ದಿಗೆ ಕಾಯಿತು. ಸದ್ದು ಬರಲಿಲ್ಲ. ಕಣ್ಣು ಬಿಟ್ಟು ನೋಡಿದರೆ ಬಣ್ಣದವನು ಎರಡನೇ ಮಹಡಿಯ ಕಿಟಕಿಯ ಎದುರಿಗೆ ಗಾಳಿಯಲ್ಲಿ ಅಂಗಾತ ಮಲಗಿದ್ದ. ಆ ಗೋಡೆಗೆ ಯಾವಾಗಲೋ ಒಂದು ನಿಧಾನ ಬಂದು ಕೂತಿತ್ತು. ಊರು ಹಿಂದೆಂದೂ ಕಂಡಿರದಂಥ ದೊಡ್ಡದು. ಎರಡನೇ ಮಹಡಿಯಿಂದ ಕೆಳಗೆ, ನೆಲದಿಂದ ಎರಡಾಳು ಎತ್ತರದವರೆಗೆ. ಅಷ್ಟು ದೊಡ್ಡದು ಅಷ್ಟು ಗಟ್ಟಿಯಾಗಿಯೂ ಇತ್ತು. ಅವನ ಬಲಗೈ ಮೇಲಕ್ಕೆ ಚಾಚಿತ್ತು. ಬಾಯಿ ತೆರೆದಿತ್ತು. ಮುಖ ಮಾತ್ರ ಪಕ್ಕಕ್ಕೆ ಹೊರಳಿ ಗೋಡೆಯ ಬುಡವನ್ನು ನೋಡುತ್ತಿತ್ತು. ಡಬ್ಬದಿಂದ ಚೆಲ್ಲಿದ ನೀಲಿ ಹನಿಗಳು ಅವನ ಸುತ್ತ ಬಟಾಣಿ ಕಾಳಿನಂತೆ ನಿಂತಿದ್ದವು. ನಿಧಾನದ ಒಳಗಿನ ಬೆಳಕು ನಡು ಮಧ್ಯಾಹ್ನದಲ್ಲೂ ಸ್ವಲ್ಪ ಕೆಂಪು, ಒಳಗೆ ಯಾವಾಗಲೂ ಸಂಜೆ. ಅದನ್ನು ಮೊದಲ ಸಲ ಕಂಡವರು ತಲೆಯ ಮೇಲಿನ ವಸ್ತ್ರವನ್ನೋ ಟೋಪಿಯನ್ನೋ ತೆಗೆದು ಕೈಯಲ್ಲಿ ಹಿಡಿದು ನಿಂತರು. ಅಂಥದ್ದರ ಮುಂದೆ ನಿಂತಾಗ ಕೈಗೆ ಏನು ಮಾಡಬೇಕೆಂದು ತೋಚುವುದಿಲ್ಲ.

ವಾರದೊಳಗೆ ಊರಿನವರು ಮೇಲೆ ತಗಡಿನ ಚಪ್ಪರ ಕಟ್ಟಿದರು, ಮಳೆಯಾಗಲಿ ಹಕ್ಕಿಯಾಗಲಿ ಒಳಗೆ ಬೀಳಬಾರದಲ್ಲ. ಕೆಳಗೆ ಬೇಲಿ ಹಾಕಿದರು. ಗಾಡಿಗಳು ಸುತ್ತು ಹಾಕಿಕೊಂಡು ಹೋಗುವುದನ್ನು ಕಲಿತವು. ಬಣ್ಣದವನು ಕೂಗುತ್ತಿದ್ದಾನೋ ಉಸಿರು ಎಳೆದುಕೊಳ್ಳುತ್ತಿದ್ದಾನೋ ಎಂಬ ಬಗ್ಗೆ ಊರಿನಲ್ಲಿ ಎರಡು ಪಂಗಡಗಳಾದವು. ಕ್ಷೌರದಂಗಡಿಯಲ್ಲಿ ಆ ಚರ್ಚೆ ಹನ್ನೊಂದು ವರ್ಷ ನಡೆದು, ಎರಡೂ ಪಂಗಡದ ಮುಖಂಡರು ಮುದುಕರಾಗಿ, ಕೊನೆಗೆ ಬೇಸರವಾಗಿ ನಿಂತಿತು.

ಇದನ್ನೆಲ್ಲ ಲೆಕ್ಕ ಹಿಡಿದವನು ಗೀಟು ಮಾಮ. ಮಾಮ ಅಂದರೆ ಯಾರಿಗೂ ಮಾಮ ಅಲ್ಲ. ಊರಿನ ನಿಧಾನಗಳನ್ನು ಹುಡುಕಿ ಸುಣ್ಣದ ಗೆರೆ ಎಳೆದು ಗುರುತು ಮಾಡುವುದು ಅವನ ಕೆಲಸ. ಒಂದು ದಾರಕ್ಕೆ ಸೀಸದ ಗುಂಡು ಕಟ್ಟಿಕೊಂಡು ಬೀದಿ ಬೀದಿ ಅಲೆಯುತ್ತಿದ್ದ, ಗುಂಡಿನ ತೂಗಾಟ ನಿಧಾನ ತಾಗುವ ಮೊದಲೇ ಎಲ್ಲಿ ಸೋಮಾರಿಯಾಗುತ್ತದೋ ಅಲ್ಲಿ ಗೀಟು ಎಳೆಯುತ್ತಿದ್ದ. ಬಣ್ಣದವನು ಬಿದ್ದ ದಿನ ಅವನಿನ್ನೂ ಮೀಸೆ ತಿರುವುವ ವಯಸ್ಸಿನವನು. ಆ ಗೋಡೆಯಲ್ಲಿ ನಿಧಾನ ಬಂದಿರುವುದನ್ನು ತಾನು ಮೊದಲೇ ನೋಡಿ ಗೀಟು ಎಳೆಯಲಿಲ್ಲವಲ್ಲ ಎಂದು ಅವನಿಗೆ ನಾಚಿಕೆ. ಎಳೆದಿದ್ದರೆ ಆ ಗೋಡೆಗೆ ಯಾರೂ ಹತ್ತುತ್ತಿರಲಿಲ್ಲ, ಬಣ್ಣದವನು ಬೇರೆ ಗೋಡೆ ಹತ್ತಿ ಬಿದ್ದಿದ್ದರೆ ಹಿಡಿಯಲು ಅಲ್ಲಿ ನಿಧಾನವೂ ಇರುತ್ತಿರಲಿಲ್ಲ ಎಂದು ಜನ ಸಮಾಧಾನ ಹೇಳಿದರು. ಆ ಸಮಾಧಾನ ಅವನಿಗೆ ಅರ್ಥವಾಗಲಿಲ್ಲ. ಅವನು ಪ್ರತಿ ವರ್ಷ ಅದೇ ದಿನ ಬಂದು, ಎದುರು ಕಟ್ಟಡದ ಕಂಬದ ಮೇಲೆ ಬಣ್ಣದವನ ಬೆನ್ನಿನ ಮಟ್ಟಕ್ಕೆ ಒಂದು ಗೆರೆ ಎಳೆದ. ವರ್ಷಕ್ಕೆ ಅರ್ಧ ಗೇಣು. ಹತ್ತು ವರ್ಷದ ಮೇಲೆ ಇನ್ನೊಂದು ವಿಷಯವನ್ನೂ ಕಂಡುಹಿಡಿದ: ಬಣ್ಣದವನು ನೆಟ್ಟಗೆ ಬೀಳುತ್ತಿಲ್ಲ, ಗೋಡೆಯಿಂದ ದೂರಕ್ಕೆ, ಬೀದಿ ಕಡೆಗೆ ಸರಿಯುತ್ತಿದ್ದಾನೆ. ಗಾಳಿಗೆ ಇರಬೇಕು ಎಂದರು ಜನ. ಗಾಳಿಗೇ ಇರಬೇಕು ಎಂದು ಅವನೂ ಬರೆದುಕೊಂಡ.

ಮಗಳು ಆ ಗೋಡೆಯ ಎದುರಿಗೇ ಬೆಳೆದಳು. ಗಿರಣಿಯ ಮೇಸ್ತ್ರಿಗಳು ಅವಳನ್ನು ತಡೆಯುತ್ತಿರಲಿಲ್ಲ. ಶಾಲೆ ಬಿಟ್ಟ ಮೇಲೆ ಎರಡನೇ ಮಹಡಿಯ ಕಿಟಕಿಯ ಹತ್ತಿರ ಕೂತು ಪಾಠ ಓದುವಳು. ಅಪ್ಪನ ಮುಖ ಅಲ್ಲಿಂದ ನಾಲ್ಕು ಮೊಳ ದೂರ. ಅವನ ರೆಪ್ಪೆಗೂದಲುಗಳನ್ನು ಎಣಿಸಿದ್ದಳು, ಗಡ್ಡದಲ್ಲಿ ಒಣಗುತ್ತಲೇ ಇದ್ದ ನೀಲಿ ಚುಕ್ಕೆ ಅವಳಿಗೆ ಬಾಯಿಪಾಠ. ಮೇಲೆ ಗೋಡೆಯ ಹಸಿ ನೀಲಿಯಲ್ಲಿ ಮೂಡಿದ್ದ ಅವನ ಎಡಗಾಲಿನ ಗುರುತೂ ಅವಳಿಗೆ ಚಿರಪರಿಚಿತ. ಕೆಲಸ ಮಾಡುವಾಗ ಎಲ್ಲೋ ಕಾಲಿಟ್ಟಿದ್ದಾನೆ ಎಂದುಕೊಂಡಿದ್ದಳು. ಅವನು ಇಳಿದ ಹಾಗೆಲ್ಲ ಅವಳೂ ಇಳಿದಳು. ಹದಿನೆಂಟಕ್ಕೆ ಮೊದಲ ಮಹಡಿಯ ಕಿಟಕಿಗೆ ಬಂದಳು. ಮೂವತ್ತೊಂದು ತುಂಬಿದ ದಿನ ಅಪ್ಪನ ಮುಖವನ್ನೇ ನೋಡುತ್ತ ಕೂತು, ಇವತ್ತು ಇಬ್ಬರೂ ಓರಗೆಯವರು ಅಂದುಕೊಂಡಳು. ಮಾರನೆಯ ದಿನದಿಂದ ಅವಳು ಅವನಿಗಿಂತ ದೊಡ್ಡವಳಾಗತೊಡಗಿದಳು.

ತಾಯಿ ಇಂಥದ್ದನ್ನೆಲ್ಲ ಹೀಗೆ ಯೋಚಿಸುವವಳಲ್ಲ. ದಿನಕ್ಕೊಮ್ಮೆ ಬಂದು ಬೇಲಿಯ ಹೊರಗೆ ನಿಂತು ಕತ್ತೆತ್ತಿ, "ಹಗ್ಗ ಬದಲಾಯಿಸ್ಕೊಳ್ರೀ ಅಂತ ಬೆಳಿಗ್ಗೆನೇ ಹೇಳಿದ್ದೆ," ಎಂದು ಗಂಡನಿಗೆ ಒಮ್ಮೆ ಬೈದು ಹೋಗುವಳು. ಮೂವತ್ತನಾಲ್ಕು ವರ್ಷ ಒಂದು ದಿನ ತಪ್ಪಿಸಲಿಲ್ಲ. ಈಚೆಗೆ ಮಂಡಿನೋವು ಬಂದ ಮೇಲೆ ಅಲ್ಲೇ ಒಂದು ಕುರ್ಚಿ ಹಾಕಿಸಿಕೊಂಡಿದ್ದಳು. "ಇವರು ಬಿದ್ದು ಎದ್ಮೇಲೆ ನನ್ನನ್ನ ನೋಡಿ, ಅತ್ತೆ ಯಾವಾಗ ಬಂದ್ರಿ ಅಂತ ಕೇಳ್ತಾರೆ, ನೋಡ್ತಿರು," ಎನ್ನುವಳು. ನಗುವಳು. ನಕ್ಕು ಮುಗಿದ ಮೇಲೆ ಕಣ್ಣೊರೆಸಿಕೊಳ್ಳಲು ಅವಳಿಗೆ ಸ್ವಲ್ಪ ಹೆಚ್ಚೇ ಹೊತ್ತು ಬೇಕಾಗುತ್ತಿತ್ತು.

ಮಗಳು ತಾಯಿಗೆ ಒಂದು ಮಾತು ಹೇಳಿರಲಿಲ್ಲ. ಯಾರಿಗೂ ಹೇಳಿರಲಿಲ್ಲ. ನಾನು ಕೂಗದಿದ್ದರೆ ಅಪ್ಪ ತಿರುಗುತ್ತಿರಲಿಲ್ಲ, ತಿರುಗದಿದ್ದರೆ ಬೀಳುತ್ತಿರಲಿಲ್ಲ. ಆರನೇ ವಯಸ್ಸಿಗೆ ಗಂಟಲಲ್ಲಿ ಸಿಕ್ಕಿಕೊಂಡ ಆ ಮಾತು ನಲವತ್ತಕ್ಕೂ ಕೆಳಗಿಳಿದಿರಲಿಲ್ಲ. ಅಂದಿನಿಂದ ಅವಳು ಯಾರನ್ನೂ ಕೂಗಿ ಕರೆದದ್ದಿಲ್ಲ. ಬೀದಿಯಾಚೆ ಇರುವವರನ್ನು ಕರೆಯಬೇಕಾದರೂ ಎದ್ದುಹೋಗಿ ಭುಜ ತಟ್ಟುತ್ತಿದ್ದಳು.

ಹದಿನಾಲ್ಕನೇ ವಯಸ್ಸಿಗೆ ಅವಳು ಹಾಸಿಗೆ ಹೊಲಿಯುವ ಕೆಲಸಕ್ಕೆ ಸೇರಿದಳು. ಯಾಕೆ ಎಂದು ಯಾರೂ ಕೇಳಲಿಲ್ಲ. ಬೀಳುತ್ತಿರುವವನ ಮಗಳು ಇನ್ನೇನು ಕಲಿಯಬೇಕು? ಹತ್ತಿ ಹಿಂಜುವುದು, ಬಿಲ್ಲಿನಿಂದ ಮೀಟಿ ಬಿಡಿಸುವುದು, ಚೀಲಕ್ಕೆ ಸಮನಾಗಿ ತುಂಬುವುದು, ಎಲ್ಲ ಕಲಿತಳು. ಆದರೆ ಅವಳಿಗೆ ಹೆಸರು ತಂದದ್ದು ಗಂಟು. ಹಾಸಿಗೆಯೊಳಗೆ ಹತ್ತಿ ಸರಿದು ಗಡ್ಡೆ ಕಟ್ಟಬಾರದೆಂದು ಗೇಣಿಗೊಂದರಂತೆ ಮೇಲಿಂದ ಕೆಳಗೆ ದಾರ ಪೋಣಿಸಿ ಬಿಗಿದು ಗಂಟು ಹಾಕುತ್ತಾರೆ. ಅವಳು ಹಾಕಿದ ಗಂಟು ಇಪ್ಪತ್ತು ವರ್ಷ ಅಲುಗುವುದಿಲ್ಲ ಎಂದು ಸುತ್ತಲ ಊರಿನವರೂ ಹುಡುಕಿಕೊಂಡು ಬಂದರು. ಹಾಗೇ ಅವಳು ಗಂಟಕ್ಕ ಆದಳು.

ಅಪ್ಪನಿಗಾಗಿ ಏಳು ಹಾಸಿಗೆ ಮಾಡಿದಳು, ಒಂದರ ಮೇಲೊಂದು ಇಡಲು. ಪ್ರತಿ ವರ್ಷ ಬಿಚ್ಚಿ, ಹತ್ತಿ ಬಿಸಿಲಿಗೆ ಹಾಕಿ, ಮತ್ತೆ ಹಿಂಜಿ, ಮತ್ತೆ ತುಂಬಿ, ಮತ್ತೆ ಬಿಗಿಯುವಳು. ಬೇರೆಯವರ ಹಾಸಿಗೆಗೆ ಗೇಣಿಗೊಂದು ಗಂಟು, ಅಪ್ಪನದಕ್ಕೆ ಅರ್ಧ ಗೇಣಿಗೊಂದು. ಪ್ರೀತಿ ಹೆಚ್ಚಾದರೆ ಕೈ ಬಿಗಿಯಾಗುತ್ತದೆ.

ಎರಡು ವರ್ಷದ ಹಿಂದೆ ಬ್ರಷ್ಷು ಬಂತು. ಬೀಳುವಾಗ ಅಪ್ಪನ ಎಡಗೈಯಿಂದ ಜಾರಿದ ಬ್ರಷ್ಷು ಅವನಿಗಿಂತ ಕೆಳಗಿತ್ತಲ್ಲ, ಅದು ಮೊದಲು ನಿಧಾನದಿಂದ ಕಳಚಿಕೊಂಡಿತು. ಒಂದು ಬೆಳಿಗ್ಗೆ ಗಂಟಕ್ಕ ಬೇಲಿಯೊಳಗೆ ಕಸ ಗುಡಿಸುತ್ತಿದ್ದಾಗ ಪಟ್ಟನೆ ಅವಳ ಕಾಲ ಬುಡದಲ್ಲೇ ಬಿತ್ತು. ನೀಲಿ ಇನ್ನೂ ಹಸಿಯಾಗಿತ್ತು, ಅವಳ ಸೆರಗಿಗೆ ಸಿಡಿಯಿತು. ಎತ್ತಿಕೊಂಡಳು. ಹಿಡಿಯ ಮರ ಬೆಚ್ಚಗಿತ್ತು.

ಅವಳು ಅಲ್ಲೇ ನೆಲದ ಮೇಲೆ ಕೂತುಬಿಟ್ಟಳು. ಆ ಬಿಸಿ ಅಪ್ಪನ ಅಂಗೈಯದು. ಅರೆಗಳಿಗೆಯ ಹಿಂದೆ ಅವನು ಅದನ್ನು ಹಿಡಿದಿದ್ದ. ಅರೆಗಳಿಗೆಯ ಹಿಂದೆ ಅವಳಿಗೆ ಆರು ವರ್ಷವಾಗಿತ್ತು. ನಡುವೆ ಅವಳು ದೊಡ್ಡವಳಾದದ್ದು, ತಲೆಯಲ್ಲಿ ಬೆಳ್ಳಿಕೂದಲು ಬಂದದ್ದು, ಎದುರು ಸಾಲಿನ ಅಂಗಡಿಗಳು ಮೂರು ಸಲ ಕೈ ಬದಲಾದದ್ದು, ಎಲ್ಲವೂ ಆ ಮರ ತಣ್ಣಗಾಗುವುದರೊಳಗೆ ನಡೆದುಹೋಗಿತ್ತು. ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದುಕೊಂಡಳು. ಎಷ್ಟು ಹಿಡಿದರೂ ಸ್ವಲ್ಪ ಹೊತ್ತಿಗೆ ಅವಳ ಕೈಬಿಸಿ ಯಾವುದು, ಅವನದು ಯಾವುದು ಎಂದು ತಿಳಿಯದಾಯಿತು.

ಈ ಹೊತ್ತಿಗೆ ಅಪ್ಪನ ಬೆನ್ನು, ತಲೆ, ಕಾಲು ಎಲ್ಲ ನಿಧಾನದ ಕೆಳಗಿನ ಅಂಚು ದಾಟಿ ಹೊರಗೆ ಬಂದಿದ್ದವು. ಒಳಗೆ ಉಳಿದಿದ್ದದ್ದು ಮೇಲಕ್ಕೆ ಚಾಚಿದ ಬಲಗೈ ಒಂದೇ. ಅದು ಉಳಿದಿರುವ ತನಕ ಅವನು ಪೂರ್ತಿ ನಿಧಾನದವನೇ. ಸಣ್ಣ ಏಣಿ ಹಾಕಿದರೆ ಅಂಗಿಯ ಬೆನ್ನು ಕೈಗೆಟುಕುತ್ತಿತ್ತು. ಗಂಟಕ್ಕ ಎಷ್ಟೋ ಸಲ ಏಣಿ ಹತ್ತಿ, ಕೈ ಚಾಚಿ, ಒಂದು ಬೆರಳಿನ ಅಂತರದಲ್ಲಿ ನಿಲ್ಲಿಸಿ, ಇಳಿದಿದ್ದಳು. ಮುಟ್ಟಿದರೆ ಅವಳೂ ಸಿಕ್ಕಿಕೊಳ್ಳುವಳು. ಹಾಸಿಗೆ ಹಾಸಲು ಆಮೇಲೆ ಯಾರಿದ್ದಾರೆ?

ಕೊನೆಗೆ ಗೀಟು ಮಾಮ ಬಂದು, ಕನ್ನಡಕ ಒರೆಸಿಕೊಂಡು, ದಾರ ಹಿಡಿದು ಅಳೆದು, ಆ ಚಾಚಿದ ಬೆರಳುಗಳ ಪಕ್ಕ ನಿಂತಿದ್ದ ಮೂರು ನೀಲಿ ಹನಿಗಳನ್ನು ತೋರಿಸಿದ.

"ಅವು ಮೂರೂ ಬೆರಳ ತುದಿಗಿಂತ ಒಂದೊಂದು ಕೂದಲೆಳೆ ಕೆಳಗಿವೆ. ಮೊದಲು ಅವು ಬೀಳ್ತವೆ. ಮೂರನೇದು ಬಿದ್ದ ಹಿಂದೇನೇ ಅವನು."

"ಯಾವಾಗ ಮಾಮ?"

"ನಾಳೆ ಮಧ್ಯಾಹ್ನದ ಒಳಗೆ. ನನ್ನ ಲೆಕ್ಕ ತಪ್ಪಿದ್ರೆ ನಾಡಿದ್ದು. ಇಷ್ಟು ವರ್ಷ ಕಾದಿದ್ದೀಯ, ಒಂದು ದಿನಕ್ಕೆ ನನ್ನ ಮೂಗು ಕೊಯ್ಬೇಡ."

ಮಾರನೆಯ ಬೆಳಿಗ್ಗೆ ಏಳು ಹಾಸಿಗೆಗಳನ್ನೂ ತಂದು ಪೇರಿಸಿದರು, ಗೀಟು ಮಾಮ ಹೇಳಿದ ಹಾಗೆ ಗೋಡೆಯಿಂದ ಸ್ವಲ್ಪ ಬೀದಿ ಕಡೆಗೆ. ಎದೆಯ ಎತ್ತರ ಬಂತು. ಗಂಟಕ್ಕ ಅಂಗೈಯಿಂದ ಒತ್ತಿ ನೋಡಿದಳು, ಮೇಲೆ ಹತ್ತಿ ಮೈಚೆಲ್ಲಿ ಮಲಗಿ ನೋಡಿದಳು. ರಾಜರಿಗೂ ಸಿಗದ ಹಾಸಿಗೆ. ನೋಡಲು ಸೇರಿದ್ದ ಜನ ತಲೆದೂಗಿದರು.

ತಾಯಿ ಮೊದಲ ಮಹಡಿಯ ಕಿಟಕಿಯಲ್ಲಿದ್ದಳು. ಗಂಡ ಬೀಳುವುದನ್ನು ಮೇಲಿನಿಂದಲೇ ನೋಡುತ್ತೇನೆ, ಕೆಳಗಿದ್ದರೆ ಎದೆ ಒಡೆಯುತ್ತದೆ ಎಂದು ಅಲ್ಲಿ ಹೋಗಿ ಕೂತಿದ್ದಳು. ಕೈಯಲ್ಲಿ ಅಂದಿನ ಅದೇ ಊಟದ ಡಬ್ಬಿ, ಹೊಸದಾಗಿ ತೊಳೆದು, ಬಿಸಿ ಅಡುಗೆ ತುಂಬಿಸಿದ್ದು. ಎದ್ದವನಿಗೆ ಹಸಿವಾಗಿರುತ್ತದೆ, ಊಟದ ಹೊತ್ತಿಗೆ ಸರಿಯಾಗಿ ಬಿದ್ದವನಲ್ಲವೇ ಎಂದು ಅವಳ ವಾದ. ಬಗ್ಗಿ ನೋಡುವ ಭರದಲ್ಲಿ ಡಬ್ಬಿ ಕೈಜಾರಿತು.

ಡಬ್ಬಿ ನಿಧಾನದ ಪಕ್ಕದಿಂದ ಸರಕ್ಕನೆ ಇಳಿದು ಹಾಸಿಗೆಯ ನಟ್ಟನಡುವೆ ಬಿತ್ತು. ಬಿದ್ದು ಒಂದು ಮೊಳ ಮೇಲಕ್ಕೆ ಚಿಮ್ಮಿ, ಪಕ್ಕಕ್ಕೆ ಉರುಳಿ, ನೆಲಕ್ಕೆ ಟಣ್ ಎಂದು ಬಡಿಯಿತು. ಜನ ನಕ್ಕರು. ತಾಯಿ ಮೇಲಿನಿಂದ, "ಅಯ್ಯೋ, ಮುಚ್ಚಳ ಬಿಚ್ಚಿತಾ ನೋಡೇ," ಎಂದಳು.

ಮುಚ್ಚಳ ಬಿಚ್ಚಿರಲಿಲ್ಲ. ಗಂಟಕ್ಕ ಅದನ್ನು ನೋಡುತ್ತಿರಲಿಲ್ಲ. ಚೆಂಡಿನ ಹಾಗೆ ಚಿಮ್ಮಿತಲ್ಲ, ಹಾಸಿಗೆಯ ಮೇಲೆ ಬಿದ್ದದ್ದು ಚಿಮ್ಮುತ್ತದೆಯೇ ಎಂದು ಅವಳು ಹಾಸಿಗೆಯನ್ನೇ ನೋಡಿದಳು.

ಒಂದು ಚೀಲಕ್ಕೆ ಅಪ್ಪನ ತೂಕದಷ್ಟು ಮರಳು ತುಂಬಿಸಿ, ಅದಕ್ಕೊಂದು ಮಣ್ಣಿನ ಮಡಕೆ ಕಟ್ಟಿ, ಕಿಟಕಿಯಿಂದ ಕೆಳಕ್ಕೆ ನೂಕಿಸಿದಳು. ಚೀಲ ಹಾಸಿಗೆಗೆ ಬಡಿದ ಸದ್ದು ಬಾಗಿಲು ಅಪ್ಪಳಿಸಿದಂತಿತ್ತು. ಮಡಕೆ ಚೂರುಚೂರಾಯಿತು.

ಯಾರೂ ನಗಲಿಲ್ಲ. ಗಂಟಕ್ಕ ಆ ಚೂರುಗಳನ್ನು ನೋಡುತ್ತ ನಿಂತಳು. ಹಾಸಿಗೆ ಮಾಡುವವರು ಹಾಸಿಗೆಯನ್ನು ಒತ್ತಿ ನೋಡುತ್ತಾರೆ, ಮಲಗಿ ನೋಡುತ್ತಾರೆ. ಮೂರು ಮಹಡಿಯಿಂದ ಬಿದ್ದು ನೋಡುವವರಿಲ್ಲ. ಮಲಗುವವನಿಗೆ ಬೇಕಾದದ್ದು ಅಲುಗದ ಹತ್ತಿ. ಬೀಳುವವನಿಗೆ ಬೇಕಾದದ್ದು ದಾರಿ ಬಿಡುವ ಹತ್ತಿ. ಇಪ್ಪತ್ತಾರು ವರ್ಷ ಅವಳು ಪ್ರೀತಿಯಿಂದ, ಅರ್ಧ ಗೇಣಿಗೊಂದರಂತೆ, ಅಪ್ಪನಿಗಾಗಿ ಒಂದು ನೆಲವನ್ನು ಹೊಲಿದಿದ್ದಳು. ಒಂದು ಸಲ ಕೂಗಿ ಬೀಳಿಸಿದೆ, ಈಗ ಹಾಸಿಗೆ ಹಾಸಿ ಕೊಲ್ಲುತ್ತಿದ್ದೆ ಅನ್ನಿಸಿತು.

ಅಷ್ಟರಲ್ಲಿ ಪಟ್ ಎಂದು ಒಂದು ನೀಲಿ ಹನಿ ಹಾಸಿಗೆಯ ಮೇಲೆ ಬಿತ್ತು.

"ಒಂದು," ಎಂದ ಗೀಟು ಮಾಮ.

"ಗಂಟು ಕತ್ತರಿಸಿ!" ಎಂದಳು ಗಂಟಕ್ಕ. ಕೂಗಿಯೇ ಹೇಳಿದಳು. ಎಷ್ಟೋ ವರ್ಷದಿಂದ ಆ ದನಿಯನ್ನು ಯಾರೂ ಕೇಳಿರಲಿಲ್ಲ, ಜನ ಬೆಚ್ಚಿಬಿದ್ದು ನೋಡಿದರು. "ಎಲ್ಲಾ ಗಂಟೂ ಕತ್ತರಿಸಿ! ಹತ್ತಿ ಆಚೆ ತೆಗೀರಿ! ಕೈಗೆ ಸಿಕ್ಕಿದ್ದು ತನ್ನಿ!"

ದರ್ಜಿ ಕತ್ತರಿ ತಂದ. ಗಿರಣಿಯ ಹೆಂಗಸರು ನೂಲು ಕತ್ತರಿಸುವ ಚೂರಿ ತಂದರು. ಕ್ಷೌರಿಕ ಅರ್ಧ ಬೋಳಿಸಿದ ಗಿರಾಕಿಯನ್ನು ಅಲ್ಲೇ ಬಿಟ್ಟು ಕತ್ತಿ ಹಿಡಿದು ಓಡಿಬಂದ. ಹಿಂದೆಯೇ ಅರ್ಧ ನೊರೆಯ ಮುಖದ ಗಿರಾಕಿಯೂ ಬಂದು ಹತ್ತಿ ಎಳೆಯಲು ನಿಂತ. ಅವಳ ಗಂಟುಗಳು ಅಷ್ಟು ಸುಲಭಕ್ಕೆ ಬಗ್ಗುವವಲ್ಲ. ದರ್ಜಿ ಹಲ್ಲು ಕಚ್ಚಿ, "ಏನು ಗಂಟಕ್ಕಾ ಇದು, ಕಬ್ಬಿಣದಲ್ಲಿ ಹೊಲ್ದಿದ್ದೀಯಾ?" ಎಂದು ಗೊಣಗಿದ. ಅವಳು ಎಲ್ಲರಿಗಿಂತ ಬೇಗ ಕತ್ತರಿಸಿದಳು. ಪ್ರತಿ ಗಂಟನ್ನೂ ಹಾಕಿದ ದಿನ ಅವಳಿಗೆ ನೆನಪಿತ್ತು. ಒಂದೊಂದು ತುಂಡಾದಾಗಲೂ ಹಾಸಿಗೆ ಉಸ್ಸೆಂದು ಉಸಿರು ಬಿಟ್ಟು ಉಬ್ಬುತ್ತಿತ್ತು.

ಎರಡನೇ ಹನಿ ಬಿದ್ದಾಗ ಐದು ಹಾಸಿಗೆ ಬಿಚ್ಚಿಯಾಗಿತ್ತು. ಬರಿದಾದ ಚೀಲಗಳನ್ನು ಸುತ್ತ ಗೋಡೆಯಂತೆ ನಿಲ್ಲಿಸಿ, ಗಂಡಸರು ಅವುಗಳನ್ನು ಹಿಡಿದು ನಿಂತರು. ನಡುವೆ ಹತ್ತಿ ಸುರಿದು ಬಿಲ್ಲಿನಿಂದ ಮೀಟಿದರು. ಬಿಲ್ಲಿನ ನಾದಕ್ಕೆ ಬೀದಿಯೆಲ್ಲ ಗುಂಯ್ ಎಂದಿತು. ಹತ್ತಿಯ ಎಳೆಗಳು ಎದ್ದು, ಕೆಲವು ನಿಧಾನದ ಅಂಚನ್ನು ತಾಗಿ, ಹಾಗೇ ಗಾಳಿಯಲ್ಲಿ ನಿಂತುಬಿಟ್ಟವು. ಅಪ್ಪನ ಚಾಚಿದ ಕೈಯ ಸುತ್ತ ಬಿಳಿ ಎಳೆಗಳು ಒಂದೊಂದಾಗಿ ಬಂದು ನೆಲೆಯಾದವು, ಕೆಂಪು ಬೆಳಕಿನಲ್ಲಿ ಮಿನುಗುತ್ತ. ಕೆಲಸದಲ್ಲಿದ್ದ ಕೈಗಳು ಕ್ಷಣ ನಿಂತವು. ಎಲ್ಲರೂ ಕತ್ತೆತ್ತಿದರು. ಗಂಟಕ್ಕನೂ ನೋಡಿದಳು. ಇಷ್ಟು ವರ್ಷ ನೋಡಿದ ನೋಟವೇ. ಆದರೂ ಮೈಮೇಲಿನ ಕೂದಲು ನಿಂತವು. ಇಂಥದ್ದೊಂದು ತನ್ನ ಅಪ್ಪನನ್ನು ಎತ್ತಿಕೊಂಡು, ಇಷ್ಟು ದೂರವನ್ನು ಇಷ್ಟು ಹೊತ್ತು ತಂದು, ಈಗ ಕೈಗೆ ಕೊಡಲು ನಿಂತಿದೆ ಎಂದು ಅವಳಿಗೆ ಮೊದಲ ಸಲ ತೋರಿತು. ಅದರ ಮೇಲೆ ಸಿಟ್ಟು ಮಾತ್ರ ಇದ್ದವಳಿಗೆ ಕೈಮುಗಿಯುವಂತಾಯಿತು.

ಇನ್ನೊಂದು ಮಡಕೆ ಕಟ್ಟಿ ಮರಳು ಚೀಲ ಬಿಟ್ಟರು. ಚೀಲ ಹತ್ತಿಯೊಳಗೆ ಮುಳುಗಿಹೋಯಿತು, ಸದ್ದೇ ಇಲ್ಲ. ಎಳೆದು ತೆಗೆದರೆ ಮಡಕೆಗೆ ಒಂದು ಬಿರುಕೂ ಇರಲಿಲ್ಲ. ಅದುಮಿದ ಹತ್ತಿಯನ್ನು ಮತ್ತೆ ಮೀಟುವಷ್ಟರಲ್ಲಿ ಗೀಟು ಮಾಮ ಕೈಯೆತ್ತಿದ.

"ಮೂರು. ಎಲ್ಲಾ ಆಚೆ ಬನ್ನಿ!"

ಮೂರನೇ ಹನಿ ಗಂಟಕ್ಕನ ಕೆನ್ನೆಯ ಮೇಲೆ ಬಿತ್ತು. ಅವಳು ಹಿಂದಕ್ಕೆ ಸರಿದಳು.

ಅಪ್ಪನ ನಡುಬೆರಳಿನ ಉಗುರು ಆ ಕೆಂಪಿನ ಅಂಚಿನಲ್ಲಿತ್ತು, ಅಂಚಿನಲ್ಲೇ ಇತ್ತು, ಆಮೇಲೆ ಇರಲಿಲ್ಲ. ಬೀಳುವುದನ್ನು ಯಾರೂ ಕಾಣಲಿಲ್ಲ. ಮೂವತ್ತನಾಲ್ಕು ವರ್ಷ ನೋಡಿದ ಜನಕ್ಕೆ ಕೊನೆಯ ಒಂದು ಮಾರು ಕಣ್ಣಿಗೆ ಸಿಗಲಿಲ್ಲ. ಅವನು ಮೇಲಿದ್ದ, ಮರುಕ್ಷಣ ಹತ್ತಿಯ ರಾಶಿ ಆಕಾಶಕ್ಕೆ ಎದ್ದಿತ್ತು. ಬೀದಿಯ ತುಂಬ ಒಂದು ಕೂಗು ಮೊಳಗಿತು. ಅವನ ಕೂಗು. ಅವನು ಉಸಿರು ಎಳೆಯುತ್ತಿರಲಿಲ್ಲ, ಕೂಗುತ್ತಲೇ ಇದ್ದ.

"ಸರ್ಕೊಳ್ಳೇ! ಆ ಕಡೆ ಸರ್ಕೋ!"

ಹತ್ತಿ ಇಳಿಯತೊಡಗಿತು, ಎಲ್ಲರ ತಲೆ, ಭುಜ, ರೆಪ್ಪೆಗಳ ಮೇಲೆ. ರಾಶಿಯೊಳಗಿಂದ ಕೆಮ್ಮು ಕೇಳಿತು. ನೀಲಿ ಚುಕ್ಕೆಯ ಗಡ್ಡದ ಹರೆಯದವನೊಬ್ಬ ಎದ್ದು ಮೊಣಕಾಲ ಮೇಲೆ ಕೂತ. ಕೂತವನು ತನ್ನ ಮೈಕೈ ಮುಟ್ಟಿ ನೋಡಿಕೊಳ್ಳಲಿಲ್ಲ, ಸುತ್ತಲಿನ ಜನರನ್ನು ನೋಡಲಿಲ್ಲ. ಎರಡೂ ಕೈಯಿಂದ ಹತ್ತಿಯನ್ನು ಬಗೆಯತೊಡಗಿದ. ನಾಯಿ ಮಣ್ಣು ಕೆದರುವ ಹಾಗೆ ಕೆದರಿ ಕೆದರಿ ಎಸೆದ.

ಗಂಟಕ್ಕ ಓಡಿಹೋಗಿ ಅವನ ಎದುರು ಕೂತಳು. "ಏನ್ ಹುಡುಕ್ತಾ ಇದ್ದೀರಿ?"

"ಮಗು, ನನ್ನ ಮಗು! ಕೆಳಗೇ ನಿಂತಿತ್ತು ಕಣಮ್ಮ, ನೆಟ್ಟಗೆ ನನ್ನ ಕೆಳಗೇ. ಅವಳ ಮೇಲೆ ಬಿದ್ದುಬಿಟ್ಟೆನಾ? ನೋಡಿ ಸ್ವಲ್ಪ, ಕೈ ಹಾಕಿ, ಒಳಗೆ ಸಿಕ್ಕಿಹಾಕ್ಕೊಂಡಿರ್ತಾಳೆ."

ಅವಳು ಅವನ ಎರಡೂ ಕೈಗಳನ್ನು ಹಿಡಿದುಕೊಂಡಳು. ಅವು ಬೆಚ್ಚಗಿದ್ದವು. "ಬೀಳ್ಲಿಲ್ಲ. ಅವಳಿಗೇನೂ ಆಗ್ಲಿಲ್ಲ. ಚೆನ್ನಾಗಿದ್ದಾಳೆ."

"ನಿಜವಾ?"

"ನಿಜ."

ಅವನು ಉಸಿರು ಬಿಟ್ಟ. ಆ ಉಸಿರಿನ ಜೊತೆ ಅವನ ಮೈಯೆಲ್ಲ ಸಡಿಲವಾಯಿತು. "ಹಗ್ಗ ಕಿತ್ತುಬಂತು. ಒಂದೊಂದೇ ಎಳೆ ಹೋಗ್ತಿದ್ದದ್ದು ನಂಗೆ ಗೊತ್ತಾಗ್ತಿತ್ತು. ಸರಿ, ಬಿದ್ದೆ ಅಂದ್ಕೊಂಡೆ. ಅಷ್ಟೊತ್ತಿಗೆ ಕೆಳಗಿಂದ ಮಗಳು ಅಪ್ಪಾ ಅಂದ್ಳು. ತಿರುಗಿ ನೋಡಿದ್ರೆ ಕೆಳಗೇ ನಿಂತಿದ್ದಾಳೆ! ಗೋಡೆಗೆ ಕಾಲು ಕೊಟ್ಟು ಒದ್ದೆ, ಆಚೆ ಹೋಗಿ ಬೀಳೋಣ ಅಂತ."

ಗಂಟಕ್ಕ ಕತ್ತೆತ್ತಿ ಗೋಡೆಯನ್ನು ನೋಡಿದಳು. ಹಳೆಯ ನೀಲಿಯಲ್ಲಿ ಎಡಗಾಲಿನ ಗುರುತು, ಬೆರಳು ಬೆರಳೂ ಅಗಲಿಸಿಕೊಂಡು, ಹಿಮ್ಮಡಿ ಆಳವಾಗಿ ಊರಿ, ಇದ್ದಲ್ಲೇ ಇತ್ತು.

"ಅವಳು ಕೂಗಿದ್ದಕ್ಕೆ ನೀವು ಬಿದ್ದದ್ದಲ್ವಾ?" ಅವಳ ದನಿ ಅವಳಿಗೇ ಕೇಳಿಸಲಿಲ್ಲ.

"ಏನಮ್ಮಾ ಹೀಗಂತೀರಿ! ಅವಳು ಕೂಗದಿದ್ರೆ ಅವಳು ಅಲ್ಲಿರೋದೇ ನಂಗೆ ಗೊತ್ತಾಗ್ತಿರ್ಲಿಲ್ಲ. ನೇರ ಅವಳ ಮೇಲೇ ಬರ್ತಿದ್ದೆ." ಅವನು ಮತ್ತೊಮ್ಮೆ ಹತ್ತಿಯ ಕಡೆ ನೋಡಿದ. "ಕೂಗಿದ್ದೇ ಪುಣ್ಯ."

ಗಂಟಕ್ಕ ಅತ್ತಳು. ಹತ್ತಿ ಮೆತ್ತಿದ ಮುಖ ಮುಚ್ಚಿಕೊಳ್ಳದೆ, ಬೀದಿಯೆಲ್ಲ ನೋಡುತ್ತಿರುವಾಗ, ಆರು ವರ್ಷದವರು ಅಳುವ ಹಾಗೆ ಬಾಯಿಬಿಟ್ಟು ಅತ್ತಳು. ಅವನು ಗಾಬರಿಯಾದ. ತನಗಿಂತ ದೊಡ್ಡ ಹೆಂಗಸೊಬ್ಬಳು ತನ್ನ ಕೈ ಹಿಡಿದು ಹೀಗೆ ಅಳುವುದೇಕೆಂದು ಅವಳ ಮುಖವನ್ನು ಸರಿಯಾಗಿ ನೋಡಿದ. ಅವಳ ಎಡಹುಬ್ಬಿನ ಮೇಲೆ ಒಂದು ಬಿಳಿ ಗೆರೆಯಿತ್ತು. ಮನೆಯ ಬಾಗಿಲಿಗೆ ಬಡಿದುಕೊಂಡು ಹುಬ್ಬು ಸೀಳಿಕೊಂಡ ಮಗಳನ್ನು ಹೋದ ವಾರ ತಾನೇ ಅವನು ಹೆಗಲ ಮೇಲೆ ಹೊತ್ತು ಡಾಕ್ಟರ ಹತ್ತಿರ ಓಡಿದ್ದ. ಬೆಳಿಗ್ಗೆ ಮನೆ ಬಿಡುವಾಗ ಪಟ್ಟಿ ಬದಲಾಯಿಸಿ ಬಂದಿದ್ದ.

ಅವನು ತಲೆಯೆತ್ತಿ ತಗಡಿನ ಚಪ್ಪರವನ್ನು ನೋಡಿದ, ಎದುರು ಕಂಬದ ಮೇಲಿನ ಮೂವತ್ತನಾಲ್ಕು ಗೆರೆಗಳನ್ನು ನೋಡಿದ. ಆ ಊರಿನಲ್ಲೇ ಹುಟ್ಟಿದವನು. ಯಾರೂ ಬಿಡಿಸಿ ಹೇಳಬೇಕಾಗಲಿಲ್ಲ. ಹೆಬ್ಬೆರಳಿನಿಂದ ಆ ಬಿಳಿ ಗೆರೆಯನ್ನು, ಇನ್ನೂ ನೋಯುತ್ತದೇನೋ ಎಂಬಂತೆ, ಮೆಲ್ಲಗೆ ಸವರಿದ.

"ಮಾಯ್ದುಹೋಗಿದೆ," ಅಂದ.

"ಹ್ಞೂಂ ಅಪ್ಪಾ."

ಮೆಟ್ಟಿಲ ಕಡೆಯಿಂದ ಮಂಡಿ ಹಿಡಿದುಕೊಂಡು, ಒಂದೊಂದೇ ಮೆಟ್ಟಿಲಿಗೆ ಏದುಸಿರು ಬಿಡುತ್ತ ಬಿಳಿತಲೆಯ ತಾಯಿ ಬಂದಳು. ಏನೇನು ಹೇಳಬೇಕೆಂದು ಇಷ್ಟು ವರ್ಷ ಅವಳು ಯೋಚಿಸಿಟ್ಟುಕೊಂಡಿದ್ದಳೋ ಏನೋ, ಬಾಯಿಗೆ ಬಂದದ್ದು ಒಂದೇ. "ಹಗ್ಗ ಬದಲಾಯಿಸ್ಕೊಳ್ರೀ ಅಂತ ಬೆಳಿಗ್ಗೆನೇ ಹೇಳಿದ್ನೋ ಇಲ್ವೋ?"

ಅವಳನ್ನು ಗುರುತಿಸಲು ಅವನಿಗೆ ಒಂದು ಕ್ಷಣವೂ ಬೇಕಾಗಲಿಲ್ಲ. "ಹೇಳಿದ್ದೆ ನೀನು," ಎಂದು ತಲೆತಗ್ಗಿಸಿದ. ಬೀದಿಯವರು ಅಳುತ್ತಿದ್ದವರೂ ನಕ್ಕರು. ಗೀಟು ಮಾಮ ಕನ್ನಡಕ ತೆಗೆದು ಒರೆಸುತ್ತಲೇ ಇದ್ದ, ಹಾಕಿಕೊಳ್ಳಲೇ ಇಲ್ಲ.

ಅವನು ಮಗಳ ಕಡೆ ತಿರುಗಿದ. ಕಣ್ಣು ತುಂಬಿದ್ದವು, ಆದರೂ ಕೇಳಬೇಕಾದದ್ದೊಂದು ಉಳಿದುಹೋಗಿತ್ತು. ಯಾರಾದರೂ ಕರೆದರೆ ಏನೆಂದು ಕೇಳಬೇಕಲ್ಲ.

"ಕೂಗಿದೆಯಲ್ಲ ಮಗಾ ಕೆಳಗಿಂದ. ಯಾಕೆ ಕೂಗಿದ್ದು?"

ಗಂಟಕ್ಕ ಹತ್ತಿಯ ಮೇಲೆ ಕೈಯೂರಿ ಎದ್ದು, ನೆಲಕ್ಕೆ ಉರುಳಿದ್ದ ಡಬ್ಬಿಯನ್ನು ತಂದು, ಸೆರಗಿನಿಂದ ದೂಳು ಒರೆಸಿ, ಅವನ ಮುಂದಿಟ್ಟಳು.

"ಊಟ ತಂದಿದ್ದೆ ಅಪ್ಪಾ."